ಕಾಕಾ ಹುಟ್ಟಿಸಿದ ಲಿಪಿ

ಬರವಣಿಗೆ ಮೊದಲು ಎಲ್ಲಿ ಹುಟ್ಟಿತೆಂದು ತಿಳಿದವರು ಬೇಕಾದಷ್ಟು ವಾದ ಮಾಡಲಿ. ಅದು ಹುಟ್ಟಿದ್ದು ಖಾನಾಪುರದಲ್ಲಿ, ನಮ್ಮ ಕಾಕಾನ ಅಡುಗೆಮನೆಯ ಗೋಡೆಯ ಮೇಲೆ, ಕಳೆದ ಶ್ರಾವಣದಲ್ಲಿ. ಕಣ್ಣಾರೆ ಕಂಡವಳು ನಾನು!

ಕಾಕಾ ಶಾಲೆಗೆ ಹೋದವರಲ್ಲ. ಕನ್ನಡ, ಮರಾಠಿ ಎರಡನ್ನೂ ಸರಾಗವಾಗಿ ಮಾತಾಡುತ್ತಾರೆ, ಎರಡನ್ನೂ ಓದಲಾರರು. ಅದರ ಕೊರಗೂ ಇಲ್ಲ. ಬೆಳಗಾವಿಯಲ್ಲಿ ಬಸ್ಸಿನ ವೇಳಾಪಟ್ಟಿ ಓದುತ್ತಿದ್ದ ನನಗೆ, "ಓದಾಕ ಬರೋ ನೀನೂ ನಿಂತಿ, ಬರದ ನಾನೂ ನಿಂತೇನಿ" ಅಂದು ಮೀಸೆ ತಿರುವಿದ್ದರು.

ಆಮೇಲೆ ಕಾಕಿಗೆ ಲಕ್ವಾ ಹೊಡೆಯಿತು. ಬಲಗೈ ಬಿತ್ತು, ಮಾತು ನಿಂತಿತು. ಗುಳಿಗೆ ಹೊತ್ತು ತಪ್ಪಿದರೆ ಮತ್ತೆ ಹೊಡೆಯಬಹುದು ಎಂದರು ಡಾಕ್ಟರು. ನಾನು ಡಬ್ಬಿಗಳ ಮೇಲೆ ದಪ್ಪ ಅಕ್ಷರದಲ್ಲಿ ಬರೆದಿಟ್ಟು ಬೆಳಗಾವಿಗೆ ಮರಳಿದೆ. ಓದುವವರು ಯಾರೆಂದು ಯೋಚಿಸಲೇ ಇಲ್ಲ!

ವಾರ ಬಿಟ್ಟು ಹೋದರೆ ಕಾಕಿಯ ಮಂಚ ಅಡುಗೆಮನೆಗೆ ಬಂದಿತ್ತು, ಪಕ್ಕದ ಗೋಡೆಯ ತುಂಬ ಇದ್ದಿಲಿನ ಚಿತ್ರ. ಮುಂಜಾನೆಗೆ ಕೋಳಿ, ಮಧ್ಯಾಹ್ನಕ್ಕೆ ರೊಟ್ಟಿ, ರಾತ್ರಿಗೆ ಕಂದೀಲು. ಪ್ರತಿಯೊಂದರ ಕೆಳಗೆ ಆಯಾ ಗುಳಿಗೆಯ ಖಾಲಿ ಪಟ್ಟಿ ಅಂಟಿಸಿದ್ದರು.

"ಕೋಳಿಗೆ ಮೂರು ಕಾಲ ಏನ್ರಿ ಕಾಕಾ?"

"ಮೂರನೇದು ಬಾಲ. ನಿನಗ ಓದಾಕ ಬರಂಗಿಲ್ಲ ಅಂದ್ರ ನಾ ಏನ್ ಮಾಡ್ಲಿ?"

ಚಿತ್ರ ಗುಳಿಗೆಗಷ್ಟೇ ನಿಲ್ಲಲಿಲ್ಲ. ಕಾಕಿ ಎಡಗೈ ಬೆರಳಿಟ್ಟು ತೋರಿಸಲೆಂದು ನೀರಿಗೆ ಕೊಡ, ಚಳಿಗೆ ಕಂಬಳಿ, ನೋವಿಗೆ ಮುಳ್ಳು ಬಂದವು. "ಆಕಿ ಮನಸಿನ್ಯಾಗ ಏನೈತಿ ಅಂತ ನನಗ ತಿಳಿಬೇಕಲ್ಲವ್ವಾ" ಎಂದರು, ನಗದೆ.

ಬರಬರುತ್ತ ಚಿತ್ರಗಳು ಸವೆದವು. ಕೊಡ ಅರ್ಧ ಸುತ್ತಾಯಿತು, ಕೋಳಿ ಬರೀ ಮೂರು ಗೆರೆಯಾಯಿತು.

"ಕೋಳಿ ಎಲ್ಲಿ ಹೋತ್ರಿ?"

"ಇಡೀ ಕೋಳಿ ಬರಿಯೂದ್ರಾಗ ಮಧ್ಯಾಹ್ನ ಆಗ್ತೈತಿ."

ಜಗತ್ತು ಸಾವಿರಾರು ವರ್ಷ ತೆಗೆದುಕೊಂಡ ಕೆಲಸ, ಕಾಕಾ ದೀಪಾವಳಿಯೊಳಗೆ ಮುಗಿಸಿದ್ದರು.

ಮೊನ್ನೆ ಹೋದಾಗ ಅವರು ಗೋಡೆಯ ಮುಂದೆ ಕುಳಿತಿದ್ದರು. ಎಲ್ಲಕ್ಕಿಂತ ಕೆಳಗೆ, ಮಂಚದಿಂದ ಕೈಗೆಟಕುವಷ್ಟರಲ್ಲಿ, ಹೊಸದೊಂದು ಗುರುತು. ನಡುಗುವ ಗೆರೆಯಲ್ಲಿ ಎಳೆದ, ತುದಿ ತಿರುವಿದ ಮೀಸೆ.

"ಇದು ನಂದಲ್ಲವ್ವಾ. ನಾ ಹಾಲ ತರೂದ್ರಾಗ ಆಕೀನ ಬರದಾಳ."

ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಮಾತು ಇದ್ದ ನಲವತ್ತು ವರ್ಷವೂ ಕಾಕಿ, "ಏನ್ರಿ, ಕೇಳಿದ್ರೇನ್ರಿ" ಎಂದೇ ಕರೆದವಳು. ಈಗ ಮೆಲ್ಲಗೆ ಎಡಗೈ ಎತ್ತಿ ಮೀಸೆಯ ಮೇಲೆ ಬೆರಳಿಟ್ಟಳು.

"ಬಂದೆ" ಎಂದರು ಕಾಕಾ, ಪಕ್ಕದಲ್ಲೇ ಕುಳಿತಿದ್ದರೂ.