ಸುಕ್ಕು ಬೀಳದ ಬಿಳಿ ಬಟ್ಟೆ

ಆ ಬೆಳಿಗ್ಗೆ ನಿಂಗರಾಜನ ಕಾಲು ಕೋಣನಕುಂಟೆಯ ನೆಲದ ಮೇಲಿತ್ತು, ಮನಸ್ಸು ಚೀನಾದ ಬಿದಿರುಮೆಳೆಯ ತುದಿಯಲ್ಲಿ. ಎಡವಟ್ಟಾದದ್ದೇ ಅಲ್ಲಿ.

ಇಸ್ತ್ರಿ ಗಾಡಿಯ ಮೇಲೆ, ನೀರಿನ ಬಟ್ಟಲಿಗೆ ಒರಗಿಸಿಟ್ಟ ಮೊಬೈಲಿನಲ್ಲಿ ಚೀನೀ ಕತ್ತಿವರಸೆಯ ಸೀರಿಯಲ್ಲು ಓಡುತ್ತಿತ್ತು. ಯಾವುದೋ ಹಳೇ ಕಾದಂಬರಿಯ ಕತೆಯಂತೆ, ಎಷ್ಟೋ ಸಲ ತೆಗೆದಿದ್ದಾರಂತೆ. ಇದು ಹೊಸದು, ಗಾಳಿಯಲ್ಲಿ ಹಾರುವ ವೀರರ ಬೆನ್ನಿಗೆ ಕಟ್ಟಿದ ಹಗ್ಗ ಕಾಣುವುದಿಲ್ಲ. ಮಾತು ಚೀನೀ, ಕೆಳಗೆ ಇಂಗ್ಲಿಷ್ ಅಕ್ಷರ. ಏಳನೇ ಕ್ಲಾಸಿಗೇ ಶಾಲೆ ಬಿಟ್ಟವನು ಕೂಡಿಸಿ ಓದುವಷ್ಟರಲ್ಲಿ ಅವೂ ಹಾರಿಹೋಗುತ್ತಿದ್ದವು. ಹಾಗಾಗಿ ಮಾತನ್ನು ತಾನೇ ಕಟ್ಟಿ, ಬಟ್ಟೆ ತರುವವರಿಗೆಲ್ಲ ಕತೆ ಹೇಳುತ್ತಿದ್ದ. ಆ ಲೋಕದಲ್ಲಿ 'ಗಾಡಿ ಆಚೆ ತಳ್ಳೋ' ಎನ್ನುವ ಒಬ್ಬ ಓನರ್ರೂ ಇಲ್ಲ. ಮಂಜಿನಲ್ಲಿ ತೇಲಿ, ಕೆಸರಿಗೆ ಬಿದ್ದೆದ್ದರೂ ಬಿಳಿ ಬಟ್ಟೆ ಬೆಳ್ಳಗೇ, ಒಂದು ಸುಕ್ಕಿಲ್ಲ. ಯಾವ ಪುಣ್ಯಾತ್ಮ ಇಸ್ತ್ರಿ ಹಾಕುತ್ತಾನೋ!

ಗುರುವಿನ ಕತ್ತಿ ಮುರಿದ ಶಿಷ್ಯ ತಲೆ ತಗ್ಗಿಸಿ ನಿಂತಿದ್ದ. ಗುರು ಬಾಯಿ ತೆರೆದ. ಆಗಲೇ ಸುಟ್ಟ ವಾಸನೆ ಬಂತು.

ಬೈಲಪ್ಪನವರ ಜರಿ ಪಂಚೆ! ಇಸ್ತ್ರಿಪೆಟ್ಟಿಗೆಯ ಗುರುತು ಕಾಫಿ ಬಣ್ಣದ ದೋಣಿಯಂತೆ ನಟ್ಟನಡುವೆ ತೇಲುತ್ತಿತ್ತು. ಬೆಚ್ಚಿದ ಕೈ ತಗುಲಿ ಮೊಬೈಲು ಬಟ್ಟಲಿನಲ್ಲಿ ಮುಳುಗಿತು, ಗುರುವಿನ ಮಾತೂ.

ಹೊಲವಿದ್ದ ಜಾಗದಲ್ಲಿ ಮೂರಂತಸ್ತು ಎಬ್ಬಿಸಿದ ಬೈಲಪ್ಪನವರ ಹೊಂಗೆಮರದ ನೆರಳೇ ನಿಂಗರಾಜನ ಅಂಗಡಿ. 'ಇನ್ನೊಂದು ಬಟ್ಟೆ ಸುಟ್ರೆ ಗಾಡಿ ಎತ್ತಿಸ್ತೀನಿ' ಎಂದು ಹೋದ ವಾರವಷ್ಟೇ ಗದರಿದ್ದರು. ಮನೆಯ ನೀರಿನ ಮೋಟರು ಕೆಟ್ಟ ಸಿಟ್ಟು ಬೇರೆ.

"ನಿಂಬೆಹಣ್ಣು ಉಜ್ಜೋ," ಎಂದರು ಎದುರುಮನೆಯ ಪಾರ್ವತಮ್ಮ. ಉಜ್ಜಿದ. ಕಲೆ ಹೋಗಿ ತೂತಾಯಿತು.

"ಇಲಿ ಕಡೀತು ಅನ್ನು."

"ಇಲಿ ಇಸ್ತ್ರಿಪೆಟ್ಗೆ ಆಕಾರಕ್ಕೆ ಕಡಿಯುತ್ತಾ ಅಕ್ಕಾ?"

"ಹಂಗಾದ್ರೆ ತೂತು ಒಳಗೆ ಹೋಗೋ ಹಂಗೆ ಮಡ್ಚು."

ಮಡಚುತ್ತಿದ್ದಂತೆ ಬೆನ್ನ ಹಿಂದೆ ಕೆಮ್ಮು ಕೇಳಿಸಿತು. ಮೇಲೆ ರೇಷ್ಮೆ ಶರಟು, ಕೆಳಗೆ ಟವೆಲು. ಅಂಜನಾಪುರದ ಗೃಹಪ್ರವೇಶಕ್ಕೆ ಬೈಲಪ್ಪನವರಿಗೆ ಪಂಚೆಯೊಂದೇ ಬಾಕಿ. ಅದನ್ನು ಬಿಡಿಸಿ, ತೂತಿನೊಳಗಿಂದಲೇ ನಿಂಗರಾಜನನ್ನು ನೋಡಿದರು.

"ಏನೋ ಇದು?"

"ಯಜಮಾನ್ರೇ, ಆ ಸೀರಿಯಲ್ನಲ್ಲಿ ಕತ್ತಿ ಮುರಿದ ಶಿಷ್ಯನ್ನ ಗುರು ಓಡಿಸ್ಲಿಲ್ಲ," ಎಂದು ನಿಂಗರಾಜ ಶುರುಮಾಡಿದ. ಮಾತು ತಾನಾಗಿ ಹಾರತೊಡಗಿತು. "ಇಲ್ಲೇ ಇರು ಅಂದ. ಆ ಋಣಕ್ಕೆ ಶಿಷ್ಯ ಹನ್ನೆರಡು ವರ್ಷ ಬೆಟ್ಟದ ತುದಿಗೆ ಬಿಂದಿಗೇಲಿ ನೀರು ಹೊತ್ತ! ಮೋಡ ದಾಟ್ಕೊಂಡು, ಒಂದು ಹನಿ ಚೆಲ್ದೆ..."

ಪಾರ್ವತಮ್ಮ ಸೆರಗಿನಲ್ಲಿ ಮೂಗೊರೆಸಿಕೊಂಡರು. ಬೈಲಪ್ಪನವರ ಕಣ್ಣೂ ಒದ್ದೆಯಾಯಿತು.

"ಆಯ್ತು. ನೀನೂ ಇಲ್ಲೇ ಇರು."

ನಿಂಗರಾಜ ನೆಲದಿಂದ ಒಂದು ಗೇಣು ಮೇಲೆದ್ದಂತಾದ.

"ಸಂಪಿಂದ ಮೂರನೇ ಅಂತಸ್ತಿಗೆ ನೀರು. ಬೆಳಿಗ್ಗೆ ಇಪ್ಪತ್ತು ಬಿಂದಿಗೆ ಸಾಕು."

"ಯಜಮಾನ್ರೇ, ಅದು ಬರೀ ಕತೆ..."

"ಗೊತ್ತು ಬಿಡೋ. ನಮ್ ಸೊಸೆ ಸಿರಿ ಅದೇ ಸೀರಿಯಲ್ ನೋಡ್ತಾ, ಕೆಳಗಿನ ಇಂಗ್ಲಿಷ್ನ ನಿನ್ನೆ ರಾತ್ರೀನೇ ಓದಿ ಹೇಳಿದ್ಲು. ಅಲ್ಲಿ ಗುರು, 'ಹೋಗ್ಲಿ ಬಿಡು ಮಗಾ, ಕತ್ತಿ ತಾನೇ' ಅಂತ ತಬ್ಕೊಂಡ್ಬಿಡ್ತಾನೆ. ಸಪ್ಪೆ!" ಬೈಲಪ್ಪ ಸಂಪಿನ ಕಟ್ಟೆಯ ಮೇಲಿದ್ದ ಬಿಂದಿಗೆಯನ್ನು ಅವನ ಕೈಗಿಟ್ಟರು. "ನಿಂದೇ ಸಖತ್ತಾಗಿದೆ."