ಮಹಡಿ ಕೋಣೆಯ ಧ್ಯಾನ

ನಾಗಸೇನ ಹೇಳಿದ ಸುಳ್ಳು ಒಂದೇ ಅಕ್ಷರದ್ದು. ಮೂರು ತಿಂಗಳ ಹಿಂದೆ ಒಂದು ಭಾನುವಾರ ಅವನು ಮಹಡಿಯ ಕೋಣೆಯಿಂದ ಇಳಿದು ಬಂದಾಗ, ಮುಖದ ಮೇಲಿದ್ದ ಶಾಂತಿ ಕಂಡು ಹೆಂಡತಿ ಮಹಾಮಾಯಾ, "ಧ್ಯಾನಕ್ಕ ಕೂತಿದ್ರೇನ್ರಿ?" ಎಂದು ಕೇಳಿದಳು. ಅವನು "ಹೂಂ" ಎಂದ.

ಕೂತಿದ್ದೇನೋ ನಿಜ, ಆದರೆ ವಿಡಿಯೊ ಗೇಮಿನ ಮುಂದೆ. ಬಾಬುಮಿಯಾನ ರಿಪೇರಿ ಅಂಗಡಿಯ ಮೂಲೆಯಲ್ಲಿ ಧೂಳು ತಿನ್ನುತ್ತಿದ್ದ ಇಪ್ಪತ್ತು ವರ್ಷ ಹಳೆಯ ಕನ್ಸೋಲನ್ನು ತರಕಾರಿ ಚೀಲದಲ್ಲಿ ಹಾಕಿಕೊಂಡು ಬಂದು, ಮಹಡಿಯಲ್ಲಿದ್ದ ಡಬ್ಬಿ ಟೀವಿಗೆ ಜೋಡಿಸಿದ್ದ. ಅದರ ಜೊತೆ ಬಂದ ಆಟವೂ ಒಂದೇ. ಒಬ್ಬ ಗೂಢಚಾರ ಕೋಟೆಯೊಳಗೆ ಯಾರ ಕಣ್ಣಿಗೂ ಬೀಳದೆ ನುಗ್ಗಿ, ಕಟ್ಟಕಡೆಯ ಕೋಣೆಯಲ್ಲಿರುವ ಕೈದಿಯನ್ನು ಬಿಡಿಸಬೇಕು. ಹೊಡೆದಾಟವಿಲ್ಲ, ಗುಂಡಿಲ್ಲ. ಕಂಬದ ಹಿಂದೆ ನಿಲ್ಲುವುದು, ಕಾವಲುಗಾರನ ಹೆಜ್ಜೆ ಎಣಿಸುವುದು, ಅವನು ಬೆನ್ನು ತಿರುಗಿಸಿದಾಗ ಸರಿಯುವುದು, ಇಷ್ಟೇ. ಆ ಕೈದಿ ಯಾರು, ಮುಖ ಹೇಗಿದೆ ಎಂಬುದು ಬಾಗಿಲು ತೆರೆದ ಮೇಲೆಯೇ ಗೊತ್ತಾಗುವುದು.

ನಾಗಸೇನ ಬೀದರಿನ ಒಂದು ಕಾಲೇಜಿನಲ್ಲಿ ಗುಮಾಸ್ತ. ಅವನ ಕುರ್ಚಿ ಕಿಟಕಿಯ ಎದುರಿಗೇ ಇತ್ತು. ಹತ್ತರಿಂದ ಐದರವರೆಗೆ ಊರಿಗೆ ಊರೇ ಆ ಕಿಟಕಿಯಲ್ಲಿ ಮುಖ ತೂರಿಸಿ "ಸರ್, ನಮ್ದು ಆಯ್ತೇನ್ರಿ?" ಎನ್ನುತ್ತಿತ್ತು. ಹೀಗೆ ಇಪ್ಪತ್ತೆರಡು ವರ್ಷ ಎಲ್ಲರ ಕಣ್ಣಿಗೂ ಬಿದ್ದವನಿಗೆ, ಯಾರ ಕಣ್ಣಿಗೂ ಬೀಳದಿರುವುದೇ ಗೆಲುವು ಎನ್ನುವ ಆಟ ಎಷ್ಟು ಹಿತವಾಗಿರಬೇಡ! ಪ್ರತಿ ಭಾನುವಾರದ ಆ ಒಂದು ತಾಸಿನಲ್ಲಿ ಅವನಿಗೆ ನಿಜಕ್ಕೂ ಸುಖವಾಗುತ್ತಿತ್ತು. ಆದರೆ ಹೇಳಿಕೊಳ್ಳುವ ಹಾಗಿರಲಿಲ್ಲ. ಗೇಮ್ ಆಡುವ ವಿದ್ಯಾರ್ಥಿಗಳ ಮೊಬೈಲ್ ಜಪ್ತಿ ಮಾಡಲಾಗುವುದು ಎಂಬ ಕಾಲೇಜಿನ ನೋಟೀಸನ್ನು ಟೈಪ್ ಮಾಡಿದವನು ಅವನೇ.

ಒಂದೇ ತೊಂದರೆಯೆಂದರೆ ಕನ್ಸೋಲಿನ ನೆನಪಿನ ಶಕ್ತಿ ಸತ್ತುಹೋಗಿತ್ತು. "ಕಾರ್ಡ್ ಖತಂ ಆಗ್ಯದ ಭಾಯಿ," ಎಂದು ಬಾಬುಮಿಯಾ ಮೊದಲೇ ಹೇಳಿದ್ದ. "ಆಡೋತನಕ ಆಡು. ಬಂದ್ ಮಾಡಿದಿ ಅಂದ್ರ ಎಲ್ಲಾ ಸಾಫ್. ಮತ್ತ ಮೊದಲಿಂದ." ಹೀಗಾಗಿ ಹನ್ನೊಂದು ಭಾನುವಾರ ನಾಗಸೇನ ಕೋಟೆಯ ಹೆಬ್ಬಾಗಿಲಿನಿಂದ ಶುರುಮಾಡಿ ಅರ್ಧದಾರಿಗೆ ನಿಂತಿದ್ದ.

ಹನ್ನೆರಡನೆಯ ಭಾನುವಾರ ಬೆಳಗಿನ ಐದಕ್ಕೇ ಎದ್ದು ಕೂತ. ಎಂಟೂವರೆಗೆ, ಜೀವನದಲ್ಲಿ ಮೊದಲ ಸಲ, ಕೊನೆಯ ಅಂಗಳ ತಲುಪಿದ. ಎದುರಿಗೆ ಇಬ್ಬರು ಕಾವಲುಗಾರರು, ಅವರಾಚೆ ಆ ಬಾಗಿಲು. ಇಲ್ಲಿ ಸಿಕ್ಕಿಬಿದ್ದರೂ ಚಿಂತೆಯಿಲ್ಲ, ಅಂಗಳದ ಮೆಟ್ಟಿಲಿನಿಂದ ಮತ್ತೆ ಹೊರಡಬಹುದು. ಅಷ್ಟರಲ್ಲಿ ಹೊರಗೆ ಯಾರೋ ಕೆಮ್ಮಿದರು.

"ಸದ್ದು ಮಾಡಬ್ಯಾಡ್ರಿ, ಧ್ಯಾನದಾಗ ಅದಾರ," ಎಂದು ಮಹಾಮಾಯಾ ಪಿಸುಗುಟ್ಟುವುದು ಕೇಳಿಸಿತು.

"ಇಲ್ಲೇ ಕೂಡ್ತೇವಿ ತಗೋರಿ. ನಮಗೂ ಒಂದೀಟು ಪುಣ್ಯ ಬರ್ಲಿ," ಎಂದದ್ದು ಪಕ್ಕದ ಮನೆಯ ಸುಭದ್ರಾಬಾಯಿ.

ನಾಗಸೇನ ಆಟವನ್ನು ಹಾಗೇ ನಿಲ್ಲಿಸಿದ. ಟೀವಿ ಆರಿಸಲು ರಿಮೋಟು ಸಿಗಲಿಲ್ಲ. ಹಾಸಿಗೆಯ ಚಾದರವನ್ನು ಎಳೆದು ಟೀವಿ, ಕನ್ಸೋಲ್ ಎರಡರ ಮೇಲೂ ಹೊದಿಸಿ ಬಾಗಿಲು ತೆರೆದ. ಹೊರಗೆ ನಾಲ್ಕು ಮಂದಿ ಕಣ್ಣು ಮುಚ್ಚಿ ಕೂತಿದ್ದರು. ಮುಂದಿದ್ದವನು ನೌಬಾದ ಬಡಾವಣೆಯ ಬುದ್ಧವಿಹಾರ ಸಮಿತಿಯ ಕಾರ್ಯದರ್ಶಿ ಕೈಲಾಶ.

"ಇವತ್ತು ವಂದನಾ ಆದ ಮ್ಯಾಲ ಮಾತಾಡೋರು ಬರಲಿಲ್ರಿ. ನೀವೇ ಧ್ಯಾನದ ಬಗ್ಗಿ ನಾಕ ಮಾತು ಹೇಳ್ಬೇಕು," ಎಂದ ಕೈಲಾಶ.

"ನಾನಾ? ನನಗೇನ್ ತಿಳಿತದ್ರಿ?"

"ಮೂರು ತಿಂಗಳಿಂದ ನೋಡ್ತೇವಿ. ನಡೀರಿ."

ಹತ್ತು ನಿಮಿಷದಲ್ಲಿ ಮುಗಿಸಿ ಬಂದರಾಯಿತೆಂದು ನಾಗಸೇನ ಹೊರಟ. ವಿಹಾರದಲ್ಲಿ ನೂರು ಮಂದಿಯ ಮುಂದೆ ಮೈಕು ಹಿಡಿದಾಗ ತಲೆಯೊಳಗೆ ಕೋಟೆ ಬಿಟ್ಟರೆ ಬೇರೇನೂ ಇರಲಿಲ್ಲ. ಇದ್ದದ್ದನ್ನೇ ಹೇಳಿದ.

"ಮೊದಲು ಸುಮ್ಮನ ಕೂಡ್ರಿ. ಸಿಟ್ಟು, ಚಿಂತಿ, ಇವೆಲ್ಲಾ ಕಾವಲುಗಾರರು ಇದ್ದಂಗ. ಅತ್ತಿಂದಿತ್ತ ಅಡ್ಡಾಡ್ತಾವ. ಅವುಗಳ ಹೆಜ್ಜಿ ಎಣಸ್ರಿ. ಎದ್ದು ಓಡಬ್ಯಾಡ್ರಿ. ಅವು ಬೆನ್ನು ತಿರುಗಿಸ್ದಾಗ ಒಂದ ಹೆಜ್ಜಿ ಮುಂದ ಇಡ್ರಿ. ಸಿಕ್ಕಿಬಿದ್ರ ಬ್ಯಾಸರ ಮಾಡ್ಕೋಬ್ಯಾಡ್ರಿ. ಮತ್ತ ಮೆಟ್ಟಿಲಿಂದ ಸುರು ಮಾಡ್ರಿ. ಹಿಂಗೇ ಹೋದ್ರ ಒಂದಿನ ಕಡೀ ಬಾಗಿಲ ಸಿಗ್ತದ."

ಸುಭದ್ರಾಬಾಯಿ ಎದ್ದು ನಿಂತು, "ಕಡೀ ಬಾಗಿಲ ತೆಗದ್ರ ಒಳಗ ಏನ್ ಕಾಣ್ತದ್ರಿ?" ಎಂದು ಕೇಳಿದಳು.

ಅದೇ ತಾನೇ ಅವನಿಗೂ ಗೊತ್ತಿಲ್ಲದ್ದು! "ಅದು ಇನ್ನೊಬ್ಬರು ಹೇಳಿದ್ರ ತಿಳಿಯೂದಲ್ರಿ ಅಕ್ಕ. ಅವರವರೇ ನೋಡ್ಕೋಬೇಕು," ಎಂದುಬಿಟ್ಟ. ಹೆಂಗಸರ ಸಾಲಿನಲ್ಲಿದ್ದ ಮಹಾಮಾಯಾ ಸೆರಗಿನಿಂದ ಕಣ್ಣೊರೆಸಿಕೊಂಡಳು. ನಾಗಸೇನನಿಗೆ ನಾಚಿಕೆಯಾಯಿತು.

ಹೊರಗೆ ಬರುವಷ್ಟರಲ್ಲಿ ಕೈಲಾಶ ಭಾಲ್ಕಿಗೆ ಫೋನು ಮಾಡಿಯಾಗಿತ್ತು. ಅಲ್ಲಿಯ ಜನ ಕಾಯುತ್ತಿದ್ದಾರಂತೆ, ಜೀಪೂ ಸಿದ್ಧವಂತೆ. ಮನೆಗೆ ಹೋಗಿ ಬರುತ್ತೇನೆಂದರೆ ಯಾರೂ ಬಿಡಲಿಲ್ಲ. ಮಹಾಮಾಯಾ, "ಹೋಗಿ ಬರ್ರಿ, ಮನಿ ನಾ ನೋಡ್ಕೋತೇನಿ," ಎಂದಳು.

ಭಾಲ್ಕಿಯಲ್ಲಿ ಮಾತಾಡುವಾಗ ಅವನ ಕಣ್ಣು ತಲೆಯ ಮೇಲಿನ ಫ್ಯಾನಿನ ಮೇಲಿತ್ತು. ನಡುವೆ ಅದು ನಿಂತಾಗ ಅವನ ಎದೆಯೂ ನಿಂತಂತಾಯಿತು. ಮಾತು ಮುಗಿಸಿದವನೇ ಮನೆಗೆ ಫೋನು ಮಾಡಿದ.

"ಅಲ್ಲೆ ಕರೆಂಟ್ ಅದ ಏನು?"

"ಅದ ರಿ. ಯಾಕ?"

"ಏನಿಲ್ಲ. ಸುಮ್ಮನ ಕೇಳ್ದೆ."

ಊಟ ಮುಗಿಯುವಷ್ಟರಲ್ಲಿ ಔರಾದಿನಿಂದ ಕರೆ ಬಂತು. ಔರಾದಿನ ದಾರಿಯಲ್ಲಿ ಜೀಪಿನಿಂದಲೇ ಅವನು ಮತ್ತೊಮ್ಮೆ ಮನೆಗೆ ಫೋನು ಮಾಡಿ ಕರೆಂಟಿನ ಯೋಗಕ್ಷೇಮ ವಿಚಾರಿಸಿದ. "ದೊಡ್ಡೋರು ನೋಡ್ರಿ, ಎಲ್ಲೇ ಇದ್ರೂ ಮನಿ ಬೆಳಕಿನ ಕಾಳಜಿ," ಎಂದು ಕೈಲಾಶ ಡ್ರೈವರನಿಗೆ ಹೇಳಿದ.

ಔರಾದಿನಲ್ಲಿ ಸಭೆ ಮುಗಿದ ಮೇಲೆ ಚಿಂತಾಕಿ ಹಳ್ಳಿಯ ಪಂಢರಿ ಎಂಬ ಮುದುಕ ಹತ್ತಿರ ಬಂದು ನಾಗಸೇನನ ಕೈ ಹಿಡಿದುಕೊಂಡ. "ನನ್ನ ತಮ್ಮ ತೀರ್ಕೊಂಡು ವರ್ಷ ಆಯ್ತ್ರಿ. ಅವತ್ತಿಂದ ಮನಸ್ಸು ಒಂದ ಕಡಿ ನಿಂತಿದ್ದಿಲ್ಲ. ಇವತ್ತು ನೀವು ಹೇಳ್ದಂಗ ಹೆಜ್ಜಿ ಎಣಸ್ದೆ. ಹತ್ತು ನಿಮಿಷ ನಿಂತಿತ್ರಿ," ಎಂದ. ಮುದುಕನ ಅಂಗೈ ಬಿಸಿಯಾಗಿತ್ತು. ಸುಳ್ಳಿನ ಬೀಜದಿಂದ ಇಂಥದ್ದೊಂದು ಬೆಳೆಯಬಹುದೆಂದು ಅವನು ಎಣಿಸಿರಲಿಲ್ಲ. ಸಂತೋಷವೂ ಆಯಿತು, ತನ್ನ ಬಗ್ಗೆ ಹೇಸಿಗೆಯೂ ಆಯಿತು.

ವಾಪಸು ಬರುವಾಗ ಜೀಪಿನಲ್ಲಿ ಅವನಿಗೆ ತಡೆಯಲಾಗಲಿಲ್ಲ. "ಕೈಲಾಶ, ಖರೇ ಹೇಳ್ತೇನಿ. ನಾ ಧ್ಯಾನ ಮಾಡೂದೇ ಇಲ್ರಿ."

ಕೈಲಾಶ ಕೈ ಜೋಡಿಸಿದ. "ಮಾಡೋರು ಹಿಂಗೇ ಅಂತಾರ. ಮುಂದಿನ ಐತ್ವಾರ ಜನವಾಡ, ಅದರ ಮುಂದಿನ ಐತ್ವಾರ ಮತ್ತ ಭಾಲ್ಕಿ. ಒಪ್ಪಿ ಬಿಟ್ಟೀನ್ರಿ."

ದೀಪ ಹಚ್ಚುವ ಹೊತ್ತಿಗೆ ನಾಗಸೇನ ಮನೆ ಸೇರಿದ. ಚಪ್ಪಲಿಯನ್ನೂ ಸರಿಯಾಗಿ ಬಿಡದೆ ಮೆಟ್ಟಿಲು ಹತ್ತಿದ. ಚಾದರ ನೀಟಾಗಿ ಮಡಿಸಿತ್ತು. ಟೀವಿ ಕಪ್ಪಗಿತ್ತು. ಕನ್ಸೋಲನ್ನು ಮುಟ್ಟಿ ನೋಡಿದ, ತಣ್ಣಗಿತ್ತು.

"ಕರೆಂಟ್ ಹೋಗಿತ್ತಾ?" ಎಂದ, ಅಳುವ ಧ್ವನಿಯಲ್ಲಿ.

"ಇಲ್ರಿ," ಎಂದಳು ಹಿಂದೆಯೇ ಬಂದ ಮಹಾಮಾಯಾ. "ಒಂದ ಸಲ ಫೋನ್ ಮಾಡಿ ಕರೆಂಟ್ ಕೇಳಿದ್ರಿ, ಸುಮ್ಮನಿದ್ದೆ. ಎರಡನೇ ಸಲ ಕೇಳಿದ್ರಿ, ಮ್ಯಾಲ ಏನರೆ ಹಚ್ಚಿ ಬಿಟ್ಟಾರಂತ ಬಂದು ನೋಡ್ದೆ. ಚಾದರಿನೊಳಗ ಬೆಳಕು. ತೆಗದ್ರ ಒಬ್ಬಾಂವ ಕಂಬದ ಹಿಂದ ನಿಂತಾನ. ಇಬ್ಬರು ಕಾವಲುಗಾರರು ಅಡ್ಡಾಡ್ಲಿಕ್ಕ ರೆಡಿ."

ನಾಗಸೇನ ತಲೆ ತಗ್ಗಿಸಿದ. ಮೂರು ತಿಂಗಳು ಒಬ್ಬ ಕಾವಲುಗಾರನಿಗೂ ಸಿಗದ ಹಾಗೆ ಅಭ್ಯಾಸ ಮಾಡಿದವನು ಎರಡು ಫೋನಿನಲ್ಲಿ ಸಿಕ್ಕಿಬಿದ್ದಿದ್ದ.

"ಬೈಯಿ. ಏನರೆ ಅನ್ನು."

"ಯಾಕ್ ಬೈಲಿ? ನೀವು ಮುಂಜಾನಿ ಹೇಳಿದ್ದೆಲ್ಲಾ ಆಗ ಅರ್ಥ ಆಯ್ತು." ಅವಳು ಚಾದರವನ್ನು ಸರಿಸಿ ಮಂಚದ ಮೇಲೆ ಕೂತಳು. "ಗುಂಡಿ ಒತ್ತಿ ಒತ್ತಿ ನೋಡ್ದೆ, ಅಂವ ನಡೀಲಿಕ್ಕತ್ತ. ಹದಿನಾಲ್ಕು ಸಲ ಹಿಡದ್ರು. ಬ್ಯಾಸರ ಮಾಡ್ಕೋಬ್ಯಾಡ್ರಿ ಅಂದಿದ್ರಲ್ಲ, ಮಾಡ್ಕೋಲಿಲ್ಲ. ಹೆಜ್ಜಿ ಎಣಸ್ದೆ. ಹದಿನೈದನೇ ಸಲ ಬಾಗಿಲು ತೆಗೀತು."

ನಾಗಸೇನ ಬೆಚ್ಚಿ ತಲೆಯೆತ್ತಿದ. "ತೆಗೀತಾ?"

"ತೆಗೀತು. ಎಲ್ಲಾ ಮುಗದು ಸಿನೆಮಾದಂಗ ಹೆಸರು ಬರ್ಲಿಕ್ಕ ಹತ್ತಿದ್ವು. ನಿಮಗ ಕರೆಂಟಿನ ಚಿಂತಿ ಭಾಳ ಅದ ಅಂತ ಬಂದ್ ಮಾಡ್ದೆ."

"ಒಳಗ ಯಾರಿದ್ರು, ಮಾಯಾ? ಮುಖ ಹ್ಯಾಂಗಿತ್ತು?"

ಮಹಾಮಾಯಾಳ ಮುಖದ ಮೇಲೆ, ಅವನು ಪ್ರತಿ ಭಾನುವಾರ ಹೊತ್ತುಕೊಂಡು ಇಳಿಯುತ್ತಿದ್ದ ಅದೇ ಶಾಂತಿ ಇತ್ತು. "ಅದು ಇನ್ನೊಬ್ಬರು ಹೇಳಿದ್ರ ತಿಳಿಯೂದಲ್ರಿ," ಎಂದಳು. "ಅವರವರೇ ನೋಡ್ಕೋಬೇಕು."

ಅವನು ಮನಸ್ಸಿನಲ್ಲೇ ಭಾನುವಾರಗಳನ್ನು ಎಣಿಸಿದ. ಜನವಾಡ, ಭಾಲ್ಕಿ, ಆಮೇಲೆ ಇನ್ನೆಲ್ಲೋ.

"ಮುಂದಿನ ಐತ್ವಾರದಿಂದ ನಾ ಮ್ಯಾಲ ಧ್ಯಾನಕ್ಕ ಕೂಡ್ತೇನಿ," ಎಂದಳು ಮಹಾಮಾಯಾ. "ಮೊದಲಿಂದ ನೋಡ್ಬೇಕು, ಆ ಕೋಟಿ ಒಳಗ ಹ್ಯಾಂಗ ಹೋದ್ರಿ ಅಂತ. ನೀವು ಜೀಪ್ ಬರೋತನಕ ಕೆಳಗ ಕೂತು, ಬಂದೋರಿಗಿ ಚಹಾ ಮಾಡಿ ಕೊಡ್ರಿ. ಸದ್ದು ಮಾಡಬ್ಯಾಡ್ರಿ ಅಂತ ಹೇಳ್ರಿ. ಆಯ್ತಿಲ್ಲೋ?"

ನಾಗಸೇನ ಆರಿದ ಟೀವಿಗೆ ಚಾದರ ಹೊದಿಸಿದ. ಆಮೇಲೆ "ಹೂಂ" ಎಂದ.