ವಾರಂಟಿ ಮೇಜಿನ ಹಿಂದೆ ನಡುಗಿದ ದಿನಗಳು

ಜನರನ್ನು ಹೆದರಿಸುವವರು ಅಂದರೆ ಪೊಲೀಸರು, ಸೂಜಿ ಚುಚ್ಚುವ ಡಾಕ್ಟರು ಅಂತ ನಾನೂ ಅಂದುಕೊಂಡಿದ್ದೆ. ಹಾಸನದ ಕಾರ್ ಷೋರೂಮೊಂದರಲ್ಲಿ ವಾರಂಟಿ ಮೇಜಿಗೆ ನನ್ನನ್ನು ಕೂರಿಸಿದ ಮೇಲೆ ಗೊತ್ತಾಯಿತು, ನಾನೂ ಆ ಸಾಲಿಗೆ ಸೇರಿದವಳು ಅಂತ. "ಇದು ಕವರ್ ಆಗಲ್ಲ" ಅಂದ ಕೂಡಲೇ ಎದುರಿಗಿದ್ದವರ ಮುಖ ಬಿಳಿಚಿಕೊಳ್ಳುತ್ತಿತ್ತು. ಸ್ವಲ್ಪ ಹೊತ್ತಿಗೆ ಅದೇ ಮುಖ ಕೆಂಪಾಗುತ್ತಿತ್ತು. ಆಗ ಬಿಳಿಚಿಕೊಳ್ಳುವ ಸರದಿ ನನ್ನದು. ಇಂಥದ್ದು ನಡೆಯದ ವಾರವೇ ಇರಲಿಲ್ಲ.

ಎರಡು ಸಾವಿರದ ಇಸವಿ ದಾಟಿ ಕೆಲವು ವರ್ಷ ಆಗಿದ್ದ ಕಾಲ ಅದು. ಕಂಪನಿ ಕೊಡುವ ವಾರಂಟಿ ಮುಗಿದ ಮೇಲೂ ಇನ್ನಷ್ಟು ಕಾಲ ಕಾರನ್ನು ಕಾಯುವ 'ಎಕ್ಸ್‌ಟೆಂಡೆಡ್ ವಾರಂಟಿ' ಅನ್ನೋದು ನಮ್ಮ ಕಡೆಗೆ ಹೊಸದು. ಅದರಲ್ಲಿ ಇರುವುದು ಇಷ್ಟೇ: ಇಂಜಿನ್, ಗೇರ್ ಬಾಕ್ಸ್, ಎ.ಸಿ. ಇಂಥವು ತಯಾರಿಕೆಯ ದೋಷದಿಂದ ತಾವಾಗಿ ಕೆಟ್ಟರೆ ರಿಪೇರಿ ನಮ್ಮದು. ಟೈರು, ಕ್ಲಚ್ ಪ್ಲೇಟು, ಬ್ರೇಕ್ ಪ್ಯಾಡು ಓಡಿಸಿ ಓಡಿಸಿ ಸವೆದರೆ, ಎಲ್ಲಾದರೂ ಗುದ್ದಿಸಿದರೆ, ಇಲಿ ಹೆಗ್ಗಣ ಕಡಿದರೆ, ಹೊರಗಿನವರು ಬಿಚ್ಚಿದರೆ ನಮ್ಮದಲ್ಲ. ಮಾರುವಾಗ ಸೇಲ್ಸ್ ಹುಡುಗರು ಮೊದಲರ್ಧ ಮಾತ್ರ ಹೇಳುತ್ತಿದ್ದರು. ಉಳಿದರ್ಧ ಹೇಳುವ ಭಾಗ್ಯ ನನ್ನದು.

ಹೇಮಾವತಿ ನೀರು

ಹೊಳೆನರಸೀಪುರದ ನಿವೃತ್ತ ಹೆಡ್‌ಮಾಸ್ಟರೊಬ್ಬರು ತಮ್ಮ ಬದುಕಿನ ಮೊದಲ ಕಾರು ಕೊಂಡರು. ವಾರಂಟಿ ವಿವರಿಸುವಾಗ ನಾನು, "ಸಾರ್, ಸರ್ವೀಸು ನಮ್ಮಲ್ಲೇ ಆಗಬೇಕು. ಹೊರಗಿನವರು ಕೈಹಾಕಿದರೆ ವಾರಂಟಿ ಹೋಗುತ್ತೆ" ಅಂದೆ. ಆ 'ಹೋಗುತ್ತೆ' ಅನ್ನೋ ಮಾತು ಅವರ ಎದೆಗೆ ನಾಟಿಬಿಟ್ಟಿತು.

ಮೂರನೇ ದಿನ ಫೋನು. "ಅಮ್ಮಾ, ಟೈರಿನಲ್ಲಿ ಗಾಳಿ ಕಮ್ಮಿ ಇದ್ದ ಹಾಗಿದೆ. ಇಲ್ಲಿ ಪಂಕ್ಚರ್ ಅಂಗಡಿಯವನ ಕೈಲಿ ಹಾಕಿಸಬಹುದೋ, ಅಥವಾ ಹಾಸನಕ್ಕೇ ತರಬೇಕೋ?"

"ಅಲ್ಲೇ ಹಾಕಿಸಿ ಸಾರ್, ಏನೂ ಆಗಲ್ಲ."

"ಅವನು ಹೊರಗಿನವನಲ್ಲವೇ?"

ಆಮೇಲೆ ಶುರುವಾಯಿತು. ಹೇಮಾವತಿ ನೀರಲ್ಲಿ ಕಾರು ತೊಳೆಯಬಹುದೇ? ಗಾಜಿನ ಮೇಲೆ ಕಾಗೆ ಗಲೀಜು ಮಾಡಿದೆ, ಒರೆಸಬಹುದೇ, ಅಥವಾ ನಿಮ್ಮ ಎಂಜಿನಿಯರು ಬಂದು ನೋಡುವವರೆಗೆ ಹಾಗೇ ಇಟ್ಟಿರಬೇಕೇ? ಒಂದು ದಿನ ಜೋರು ಮಳೆ. ಅವತ್ತೂ ಅವರ ಫೋನು ಬಂತು. "ಅಮ್ಮಾ, ಶೆಡ್ಡು ಸೋರಿ ಬಾನೆಟ್ಟಿನ ಮೇಲೆ ನೀರು ಬಿತ್ತು. ನಾನು ಬೇಕಂತ ಮಾಡಿದ್ದಲ್ಲ."

ನಾನು ಸಮಾಧಾನ ಹೇಳುತ್ತಿದ್ದ ಹಾಗೇ ಅವರ ಹೆಂಡತಿ ರಿಸೀವರ್ ಕಿತ್ತುಕೊಂಡರು. "ನೋಡಮ್ಮಾ, ಈ ಮನುಷ್ಯ ಕಾರು ಬಂದಾಗಿಂದ ನನ್ನನ್ನ ಒಂದು ದಿನಾನೂ ಅದರಲ್ಲಿ ಕೂರಿಸಿಲ್ಲ. ಹೆಂಡತಿ ಹತ್ತಿದರೆ ವಾರಂಟಿ ಉಳಿಯುತ್ತೆ ಅಂತ ನೀನೇ ಒಂದು ಮಾತು ಹೇಳಿಬಿಡು ತಾಯಿ!"

ಬಂಪರಿಂದ ಬಂಪರಿಗೆ

ನಮ್ಮ ಸೇಲ್ಸ್ ಹುಡುಗನೊಬ್ಬನಿಗೆ 'ಬಂಪರ್ ಟು ಬಂಪರ್ ವಾರಂಟಿ', ಅಂದರೆ ಮೂತಿಯಿಂದ ಬಾಲದವರೆಗೆ ಎಲ್ಲಾ ಸೇರಿತು, ಅಂತ ಹೇಳುವ ಚಟ. ದಂಡಿಗನಹಳ್ಳಿ ಕಡೆಯ ಕಂಟ್ರಾಕ್ಟರೊಬ್ಬರಿಗೂ ಹಾಗೇ ಹೇಳಿ ಮಾರಿದ್ದ. ಆ ಕಂಟ್ರಾಕ್ಟರು ಹೆದ್ದಾರಿಯಲ್ಲಿ ಬಸ್ಸಿನ ಹಿಂದೆ ಹೋಗುತ್ತಿದ್ದಾಗ ಬಸ್ಸು ಗಕ್ಕನೆ ನಿಂತಿತು. ಇವರು ಹೋಗಿ ಬಸ್ಸಿಗೆ ಗುದ್ದಿದರು, ಹಿಂದೆ ಬರುತ್ತಿದ್ದ ಲಾರಿ ಇವರಿಗೆ ಗುದ್ದಿತು. ಪುಣ್ಯಕ್ಕೆ ಯಾರಿಗೂ ಗಾಯವಾಗಲಿಲ್ಲ. ಅಲ್ಲಿಂದ ನೇರ ಬಂದು ನನ್ನ ಮೇಜಿನ ಮುಂದೆ ಕೂತರು. ನಾನೇ ಎದ್ದು ನೀರು ತಂದುಕೊಟ್ಟೆ.

"ಸಾರ್, ಗುದ್ದಿದ್ದಕ್ಕೆ ಇನ್ಶೂರೆನ್ಸು. ವಾರಂಟಿಯಲ್ಲಿ ಬರಲ್ಲ" ಅಂದೆ, ಆದಷ್ಟು ಮೆಲ್ಲಗೆ.

ಅವರು ನೀರು ಕುಡಿದು, ಬಾಯಿ ಒರೆಸಿಕೊಂಡು, ಬಹಳ ನ್ಯಾಯವಾಗಿ ಮಾತಾಡಿದರು. "ಮೇಡಂ, ನಾನೇನು ಪೂರ್ತಿ ಕಾರು ಕೇಳ್ತಾ ಇಲ್ಲ. ಬಂಪರ್ ಟು ಬಂಪರ್ ಅಂದಿದ್ರು. ಮುಂದಿನದೊಂದು ಬಂಪರು, ಹಿಂದಿನದೊಂದು ಬಂಪರು. ಮಧ್ಯದ್ದೆಲ್ಲಾ ನೆಟ್ಟಗಿದೆ, ಅದನ್ನ ನೀವು ಮುಟ್ಟಲೇಬೇಡಿ!"

ಗೌಡರ ಕ್ಲಚ್ಚು

ಹಳೇಕೋಟೆ ಕಡೆಯ ಗೌಡರೊಬ್ಬರು ಬರುತ್ತಾರೆ ಅಂದರೆ ನಮ್ಮ ಷೋರೂಮೇ ಖಾಲಿಯಾಗುತ್ತಿತ್ತು. ಆರಡಿ ಆಳು, ಕಿವಿಯವರೆಗೆ ಮೀಸೆ, ಮಾತಾಡಿದರೆ ಗಾಜು ಅದುರಬೇಕು. ಹಿಂದೊಮ್ಮೆ ಹಾರ್ನ್ ಸರಿಯಿಲ್ಲ ಅಂತ ಬಂದಿದ್ದಾಗ, "ನನ್ ಗಂಟ್ಲು ಇದಕ್ಕಿಂತ ಜೋರಾಗೈತೆ" ಅಂತ ಕೂಗಿ ತೋರಿಸಿದ್ದರು. ಅವತ್ತು ಪಕ್ಕದ ಬೇಕರಿಯವನೂ ಓಡಿ ಬಂದು ನೋಡಿ ಹೋಗಿದ್ದ.

ಈ ಸಲ ಅವರ ಕಾರಿನ ಕ್ಲಚ್ ಪ್ಲೇಟು ಪೂರ್ತಿ ಸುಟ್ಟು ಸವೆದುಹೋಗಿತ್ತು. ಗದ್ದೆಯ ಕೆಸರಲ್ಲಿ ಹೂತಿದ್ದ ಟ್ರಾಕ್ಟರನ್ನು ಕಾರಿಗೆ ಹಗ್ಗ ಕಟ್ಟಿ ಎಳೆಸಿದ್ದರಂತೆ. ಗಾಜಿನಾಚೆ ಅವರ ರುಮಾಲು ಕಂಡದ್ದೇ ಮ್ಯಾನೇಜರು, "ಸ್ವಲ್ಪ ಬಿ.ಪಿ. ಚೆಕ್ ಮಾಡಿಸಿಕೊಂಡು ಬರ್ತೀನಿ" ಅಂತ ಹಿಂಬಾಗಿಲಿನಿಂದ ಹೊರಟರು. ಅವರಿಗೆ ಕಾರು ಮಾರಿದ್ದ ಹುಡುಗ ಪ್ರದರ್ಶನಕ್ಕೆ ಇಟ್ಟಿದ್ದ ಕಾರಿನೊಳಗೆ ಸೇರಿಕೊಂಡು ಸೀಟು ಮಲಗಿಸಿಬಿಟ್ಟ. ಉಳಿದವಳು ನಾನೊಬ್ಬಳೇ.

"ಏನವ್ವಾ, ಯಾವಾಗ ಕೊಟ್ಟೀಯೆ ನಮ್ ಗಾಡಿಯಾ?"

ಬೆಳಗ್ಗೆಯಿಂದ ಬಾಯಿಪಾಠ ಮಾಡಿಕೊಂಡಿದ್ದನ್ನು ಒಂದೇ ಉಸಿರಿಗೆ ಒಪ್ಪಿಸಿದೆ. "ಸಾರ್, ವಾರಂಟಿ ಇರೋದು ಒಳಗಿನ ಭಾಗ ಏನಾದರೂ ತಾನಾಗೇ ಮುರಿದರೆ. ಕ್ಲಚ್ ಪ್ಲೇಟು ಮುರಿದಿಲ್ಲ, ಸವೆದಿದೆ. ಸವೆದಿದ್ದು ಕವರ್ ಆಗಲ್ಲ."

ಗೌಡರು ಎದ್ದು ನಿಂತರು. ನಾನು ಕಣ್ಣು ಮುಚ್ಚಿಕೊಂಡೆ. ಕುರ್ಚಿ ಹಿಂದಕ್ಕೆ ಸರಿದ ಸದ್ದಾಯಿತು. ಒಂದೇ ಕಣ್ಣು ತೆರೆದು ನೋಡಿದೆ. ಅವರು ನನ್ನ ಕಡೆ ಬಗ್ಗಿ, ಹಿಂದೆಂದೂ ಕೇಳಿರದಷ್ಟು ಮೆತ್ತಗಿನ ದನಿಯಲ್ಲಿ ಕೇಳಿದರು:

"ಸವೆದ್ರೆ ಇಲ್ಲ, ಮುರುದ್ರೆ ಐತೆ. ಅಂಗಾರೆ ಒಂದ್ ಕೆಲ್ಸ ಮಾಡವ್ವಾ. ಒಸಿ ಆ ಕಡೀಕ್ ತಿರಿಕ್ಕೊ, ಒಂದ್ ಸುತ್ತಿಗೆ ಕೊಡ್ಸು."

ಮೈಮೇಲೆ ಬಂದ ಕಾರು

ಚನ್ನರಾಯಪಟ್ಟಣದಲ್ಲಿ ತೆಂಗಿನಕಾಯಿ ಮಂಡಿ ಇಟ್ಟಿದ್ದ ಸಾಹುಕಾರರೊಬ್ಬರು ಕಾರನ್ನು ಓಡಿಸಿಕೊಂಡು ಬರಲಿಲ್ಲ, ಲಾರಿಯ ಮೇಲೆ ಹೇರಿಸಿಕೊಂಡು ಬಂದರು. ಒಳಗೆ ಕೂರಲು ಮನೆಯವರು ಯಾರೂ ಒಪ್ಪಿರಲಿಲ್ಲವಂತೆ.

"ಇದರ ಮೇಲೆ ಏನೋ ಬಂದಿದೆ ತಾಯಿ" ಅಂದರು. ಮುಖದಲ್ಲಿ ನಿದ್ದೆಗೆಟ್ಟ ಕಳೆ. ಯಾರೂ ಮುಟ್ಟದಿದ್ದರೂ ವೈಪರು ಆಡುತ್ತಿತ್ತಂತೆ. ಊಟಕ್ಕೆ ಕೂತಾಗ ಅಂಗಳದಿಂದ ಹಾರ್ನ್ ಕೂಗುತ್ತಿತ್ತಂತೆ. ಅತ್ತೆಯವರು ಕಾರಿನ ಮುಂದೆ ಹಾದರೆ ದೀಪ ಕಣ್ಣು ಹೊಡೆಯುತ್ತಿತ್ತಂತೆ. ಅದಾದ ಮೇಲೆ ಅತ್ತೆಯವರು ಮಗಳ ಮನೆಯಲ್ಲಿ ಉಳಿಯಲಾರೆ ಅಂತ ತಮ್ಮೂರಿಗೇ ಹೋಗಿಬಿಟ್ಟರಂತೆ.

ಕೇಳುತ್ತಾ ಕೇಳುತ್ತಾ ನಾನೂ ಕುರ್ಚಿಯನ್ನು ಗೋಡೆಯ ಕಡೆಗೆ ಸರಿಸಿಕೊಂಡೆ. ಆ ಹೊತ್ತಿಗೆ ಸರಿಯಾಗಿ ವರ್ಕ್‌ಶಾಪಿನೊಳಗೆ ಅದೇ ಕಾರು 'ಪೇಂ' ಅಂತ ಕೂಗಿತು. ನಾನೂ ಸಾಹುಕಾರರೂ ಒಟ್ಟಿಗೇ ಎದ್ದು ನಿಂತೆವು.

ನಮ್ಮ ಮೆಕ್ಯಾನಿಕ್ಕು ಬಾನೆಟ್ಟು ತೆಗೆದು ಮೂಗು ಮುಚ್ಚಿಕೊಂಡ. "ಮೇಡಮ್, ಇಂಜಿನ್ ಎಲ್ಲಾ ಬಾಳೆಹಣ್ಣಿನ ವಾಸ್ನೆ ಬತ್ತಾ ಐತೆ!"

ವಿಚಾರಿಸಿದರೆ, ಆಯುಧಪೂಜೆಯ ದಿನ ಸಾಹುಕಾರರು ಹೊರಗೆ ಕುಂಕುಮ ಇಟ್ಟರೆ ಸಾಲದು ಅಂತ ಬಾನೆಟ್ಟು ತೆರೆಸಿ ಇಂಜಿನ್ನಿಗೇ ಪಂಚಾಮೃತ ಅಭಿಷೇಕ ಮಾಡಿಸಿದ್ದರು. ಜೇನು, ಸಕ್ಕರೆ, ಹಾಲು, ಹಣ್ಣು ಎಲ್ಲಾ ವೈರುಗಳ ಮೇಲೆ ಇಳಿದು ಇರುವೆ ಸಾಲುಗಟ್ಟಿತು. ಇರುವೆ ಫ್ಯೂಸು ಡಬ್ಬಿಯೊಳಗೆ ಸೇರಿಕೊಂಡು ವೈಪರು ಆಡಿತು. ವೈಪರು ಆಡಿದ್ದಕ್ಕೆ ಹೆದರಿ ಇವರು ಶಾಂತಿ ಮಾಡಿಸಿದರು. ಶಾಂತಿಗೆ ಮತ್ತೆ ಪಂಚಾಮೃತ. ಇರುವೆಗಳು ನೆಂಟರನ್ನೂ ಕರೆಸಿಕೊಂಡವು.

ಕ್ರಿಮಿಕೀಟದಿಂದ ಕೆಟ್ಟಿದ್ದು, ಮೇಲಿಂದ ಸುರಿದಿದ್ದರಿಂದ ಕೆಟ್ಟಿದ್ದು ಎರಡೂ ಕವರ್ ಆಗಲ್ಲ ಅಂತ ನಾನು ಅಂಜುತ್ತಲೇ ಹೇಳಿದೆ. ಸಾಹುಕಾರರು ಜಗಳ ಆಡಲಿಲ್ಲ. ದೆವ್ವ ಅಲ್ಲವಲ್ಲ ಅನ್ನೋದೇ ಅವರಿಗೆ ದೊಡ್ಡ ಸಮಾಧಾನ. ಆದರೆ ಮೆಕ್ಯಾನಿಕ್ಕು ಸ್ಪ್ರೇ ಡಬ್ಬಿ ಎತ್ತಿಕೊಂಡಿದ್ದು ನೋಡಿ ಗಾಬರಿಯಿಂದ ಅವನ ಕೈ ಹಿಡಿದುಕೊಂಡರು.

"ಕೊಲ್ಲಬೇಡಪ್ಪಾ, ಊದಿ ಓಡಿಸು. ಇಷ್ಟು ದಿನದಿಂದ ಪ್ರಸಾದದಲ್ಲೇ ಬೆಳೆದಿರೋ ಇರುವೆಗಳು, ಅವುಗಳ ಶಾಪ ತಟ್ಟಿದರೆ ಅದಕ್ಕೂ ವಾರಂಟಿ ಇಲ್ಲ!"

ಒಳಗಿದ್ದ ನಾಲ್ಕನೆಯವರು

ಇನ್ನೊಬ್ಬರು ಅರಕಲಗೂಡಿನ ಬ್ಯಾಂಕ್ ಆಫೀಸರು. ಕನ್ನಡಕ, ಇಸ್ತ್ರಿ ಮಾಡಿದ ಅಂಗಿ, ಪ್ರತಿ ವಾಕ್ಯಕ್ಕೂ 'ದಯವಿಟ್ಟು' ಅನ್ನುವ ಮನುಷ್ಯ. ಅವರ ದೂರು: ಎ.ಸಿ. ತಂಪಾಗುತ್ತಿಲ್ಲ, ಡ್ಯಾಶ್‌ಬೋರ್ಡಿನ ಹಿಂದೆ ಎಲ್ಲೋ 'ಬುಸ್' ಅನ್ನುತ್ತೆ. ಸದ್ದು ಕೇಳಿಸಿಕೊಳ್ಳದೆ ವಾರಂಟಿ ಹೌದೋ ಅಲ್ಲವೋ ಹೇಳಲಾಗದು ಅಂತ ಮಧ್ಯಾಹ್ನ ಮೂವರೂ ಹೊರಟೆವು. ಆಫೀಸರು ಓಡಿಸುತ್ತಿದ್ದರು, ನಾನು ಅವರ ಪಕ್ಕ, ಮೆಕ್ಯಾನಿಕ್ಕು ಹಿಂದೆ.

ಅರಕಲಗೂಡು ರಸ್ತೆಯಲ್ಲಿ ಸ್ವಲ್ಪ ದೂರ ಹೋಗುವಷ್ಟರಲ್ಲಿ 'ಬುಸ್' ಅಂದಿತು. "ಕೇಳಿದಿರಾ?" ಅಂದರು ಆಫೀಸರು. ನಾನು ಕಿವಿಗೊಟ್ಟು ಡ್ಯಾಶ್‌ಬೋರ್ಡಿನ ಕಡೆ ಬಗ್ಗಿದೆ. ಕೆಳಗೆ ನನ್ನ ಕಾಲಿನ ಹತ್ತಿರ ಒಂದು ಕಪ್ಪು ಪೈಪು ಜೋತಾಡುತ್ತಿತ್ತು. ಹಿಂದೆ ತಿರುಗಿ, "ಇದೇನಪ್ಪಾ, ಪೈಪು ಕಳಚಿಕೊಂಡಿದೆ" ಅಂದೆ.

ಆ ಪೈಪು ಮೇಲಕ್ಕೆ ಹೋಯಿತು.

ನನ್ನ ಎರಡೂ ಕಾಲು ಅದು ಹೇಗೆ ಸೀಟಿನ ಮೇಲೆ ಬಂದವೋ ಇವತ್ತಿಗೂ ತಿಳಿಯದು. ಹಿಂದಿನಿಂದ ಮೆಕ್ಯಾನಿಕ್ಕು, "ಆವು ಸಾ! ಆವು! ನಿಲ್ಸಿ ಸಾ!" ಅಂತ ಕಿರುಚಿದ. ಆಫೀಸರು ಬ್ರೇಕಿಗೆ ಕಾಲು ಒಯ್ಯಬೇಕು, ಆದರೆ ಕಾಲು ಇಳಿಸುವ ಜಾಗದಲ್ಲೇ ಈಗ ಅದು ಇದೆಯೋ ಏನೋ! ಅವರ ಮುಖದಿಂದ ಬೆವರು ತೊಟ್ಟಿಕ್ಕುತ್ತಿತ್ತು. ಎದುರಿಗೆ ಲಾರಿ ಬರುತ್ತಿತ್ತು. ಅವರು ಉಸಿರು ಬಿಗಿಹಿಡಿದು ಬ್ರೇಕ್ ಒತ್ತಿದರು. ಕಾರು ರಸ್ತೆ ಪಕ್ಕದ ಮಣ್ಣಿಗಿಳಿದು ನಿಂತಿತು.

ಮೆಕ್ಯಾನಿಕ್ಕು ಹಿಂದಿನ ಬಾಗಿಲು ಜಗ್ಗಿದ. ಮಕ್ಕಳು ತೆಗೆಯದಿರಲಿ ಅಂತ ಅದಕ್ಕೆ ಲಾಕ್ ಹಾಕಿತ್ತು. ನನ್ನ ಬಾಗಿಲು ತೆಗೆಯಬೇಕಾದರೆ ಹಾವಿದ್ದ ಕಡೆಗೇ ಕೈ ಚಾಚಬೇಕು. ಉಳಿದದ್ದು ಆಫೀಸರ ಬಾಗಿಲೊಂದೇ. ಆ ಮನುಷ್ಯ ಅದರ ಹಿಡಿಯ ಮೇಲೆ ಕೈಯಿಟ್ಟು, ನನ್ನ ಕಡೆ ತಿರುಗಿ ಕೇಳಿದರು:

"ಮೇಡಂ, ದಯವಿಟ್ಟು ಹೇಳಿ, ಇದು ಕವರ್ ಆಗುತ್ತಾ?"

"ಎಲ್ಲಾ ಕವರ್ ಆಗುತ್ತೆ ಸಾರ್! ಹಾವೂ ಆಗುತ್ತೆ, ಕಾರೂ ಆಗುತ್ತೆ, ಮೊದಲು ಬಾಗಿಲು ತೆಗೀರಿ!"

ಅವರು ಇಳಿದರು. ಅವರ ಸೀಟಿನ ಮೇಲಿಂದ ನಾನು, ನನ್ನ ಮೇಲಿಂದ ಮೆಕ್ಯಾನಿಕ್ಕು, ಮೂವರೂ ರಸ್ತೆಗೆ ಉರುಳಿದೆವು. ಹಾವು ಮಾತ್ರ ಇಳಿಯಲಿಲ್ಲ. ಬಹಳ ಹೊತ್ತು ಕಾದು, ಕೊನೆಗೆ ಕ್ರೇನ್ ಗಾಡಿ ಕರೆಸಿ, ಮುಂದಿನ ಗಾಲಿ ಎತ್ತಿಸಿ ಕಾರನ್ನು ಹಾಗೇ ಎಳೆಸಿಕೊಂಡು ವರ್ಕ್‌ಶಾಪಿಗೆ ತಂದೆವು. ನಾಲ್ಕೂ ಬಾಗಿಲು ತೆರೆದಿಟ್ಟು ದೂರ ನಿಂತೆವು. ಹಾವು ಹಿಡಿಯುವವರು ಬಂದು ಹುಡುಕಿ, "ಒಳಗೆ ಇಲ್ಲ, ಇಳಿದು ಹೋಗಿದೆ" ಅಂದರು. ಎಲ್ಲಿಗೆ ಹೋಯಿತು ಅಂತ ಕೇಳಿದರೆ ವರ್ಕ್‌ಶಾಪಿನ ಮೂಲೆಯ ಹಳೇ ಟೈರಿನ ರಾಶಿಯ ಕಡೆ ಕೈ ತೋರಿಸಿದರು. ರಾಶಿ ಕೆದಕಿದರೂ ಸಿಗಲಿಲ್ಲ.

ಮರುದಿನ ಆಫೀಸರು ಹಾಜರು. "ದಯವಿಟ್ಟು ನೆನಪಿಸಿಕೊಳ್ಳಿ ಮೇಡಂ, ಎಲ್ಲಾ ಕವರ್ ಆಗುತ್ತೆ ಅಂದಿದ್ರಿ."

"ಸಾರ್, ಅದು ಹೆದರಿಕೆಯಲ್ಲಿ ಹೇಳಿದ್ದು."

"ನಾನು ವಾರಂಟಿ ಕೊಂಡಿದ್ದೂ ಹೆದರಿಕೆಯಲ್ಲೇ ಅಲ್ವೇ?"

ನನ್ನ ಅದೃಷ್ಟ ಚೆನ್ನಾಗಿತ್ತು. 'ಬುಸ್' ಅಂದಿದ್ದು ಹಾವಲ್ಲ, ಎ.ಸಿ. ಗ್ಯಾಸು ಸೋರುತ್ತಿದ್ದ ಪೈಪು ಅಂತ ಮೆಕ್ಯಾನಿಕ್ಕು ಪತ್ತೆ ಮಾಡಿದ. ಪೈಪಿನ ಬೆಸುಗೆಯಲ್ಲೇ ದೋಷ, ನೂರಕ್ಕೆ ನೂರು ಕವರ್ ಆಗುವಂಥದ್ದು. ಹಾವು ಎಲ್ಲಿಂದಲೋ ಬಂದು ಸೇರಿಕೊಂಡಿದ್ದ ಬಿಟ್ಟಿ ಪ್ರಯಾಣಿಕ ಅಷ್ಟೆ. ಹೊಸ ಪೈಪು ಹಾಕಿ ಕಾರು ತಯಾರು ಮಾಡಿದೆವು.

ಕಾರು ಒಯ್ಯುವ ದಿನ ಆಫೀಸರು ಟಾರ್ಚು ತಂದು ಸೀಟಿನಡಿ, ಡಿಕ್ಕಿ, ಬಾನೆಟ್ಟು ಎಲ್ಲಾ ನೋಡಿದರು. ಆಮೇಲೆ, "ಬಿಚ್ಚಿದ ಹಳೇ ಪೈಪು ಕೊಡ್ತೀರಾ? ಮನೆಯಲ್ಲಿ ತೋರಿಸಬೇಕು" ಅಂದರು.

"ಇಲ್ಲ ಸಾರ್. ವಾರಂಟಿಯಲ್ಲಿ ಬದಲಾಯಿಸಿದಾಗ ಕಾರಿನಿಂದ ಹೊರಗೆ ಬಂದಿದ್ದೆಲ್ಲಾ ಕಂಪನಿಗೆ ಸೇರಿದ್ದು. ಅದು ರೂಲ್ಸು."

ಆಫೀಸರ ಮುಖ ಎಷ್ಟೋ ದಿನದ ಮೇಲೆ ಅರಳಿತು. ಕಾರು ಹತ್ತಿ, ಬಾಗಿಲು ಹಾಕಿಕೊಂಡು, ಗಾಜು ಒಂದು ಬೆರಳು ಹೋಗುವಷ್ಟು ಮಾತ್ರ ಇಳಿಸಿದರು.

"ಹಾಗಾದರೆ ಹಾವೂ ನಿಮ್ಮದೇ ಆಯ್ತು ಮೇಡಂ. ಸಿಕ್ಕಿದರೆ ದಯವಿಟ್ಟು ನಮಗೆ ಫೋನ್ ಮಾಡಬೇಡಿ."

ಕಾರು ಗೇಟು ದಾಟಿತು. ಒಳಗೆ ತಿರುಗಿ ನೋಡಿದರೆ ಮ್ಯಾನೇಜರಿಂದ ಹಿಡಿದು ಸೇಲ್ಸ್ ಹುಡುಗರವರೆಗೆ ಇಡೀ ಷೋರೂಮು ಕಾಲು ಮೇಲೆತ್ತಿಕೊಂಡು ಕುರ್ಚಿಯ ಮೇಲೆ ಚಕ್ಕಳಮಕ್ಕಳ ಹಾಕಿ ಕೂತಿತ್ತು.